ಲೈನ್‌ನಲ್ಲಿದ್ದಾರೆ ಒಬ್ಬ ವೀಕ್ಷಕಿ

ಲೋಕಕ್ಕೆಲ್ಲ ಉಪದೇಶ, ಮನೆಗೆ ಮಾತ್ರ ಮೌನವ್ರತ. ಆಕೆಯ ಗಂಡ ಟೀವಿಯಲ್ಲಿ ಮಾತಾಡುವ ವಿದೇಶಾಂಗ ತಜ್ಞ. ಯಾವ ದೇಶದವರು ಕಾಲು ಕೆರೆದು ಜಗಳಕ್ಕೆ ನಿಂತರೂ ಚಾನೆಲ್ಲಿನ ಕಾರು ಇವರ ಮನೆ ಮುಂದೆ. ಸಾಕ್ಷ್ಯಚಿತ್ರಗಳಲ್ಲೂ ಅವನೇ, ಗ್ಲೋಬಿನ ಮೇಲೆ ಕೈಯಿಟ್ಟು ಗಂಭೀರವಾಗಿ ಮಾತಾಡುವವನು. ಮನೆಗೆ ಬಂದನೋ, "ಗಂಟಲು ಉಳಿಸಿಕೋಬೇಕು ಕಣೇ" ಅಂತ ಬಿಸಿನೀರು ಮುಕ್ಕಳಿಸಿ ಮಲಗಿಬಿಡುತ್ತಿದ್ದ. (ಮುಕ್ಕಳಿಸುವ ಸದ್ದನ್ನೇ ಮಾತು ಅಂದುಕೊಂಡು ಆಕೆ ಒಮ್ಮೆ ಉತ್ತರವನ್ನೂ ಕೊಟ್ಟಿದ್ದಳು.)

ಮದುವೆಯಾದ ಹೊಸದರಲ್ಲಿ ಇದೇ ಮನುಷ್ಯ ಬಸ್ ಸ್ಟಾಪಿನಿಂದ ಮನೆಯವರೆಗೂ ಬಿಡದೆ ಹರಟುತ್ತಿದ್ದ. ಆ ಹರಟೆಗಾಗಿ ಈಗ ಆಕೆಯ ಜೀವ ಹಾತೊರೆಯುತ್ತಿತ್ತು. ಊರಿಗೆಲ್ಲ ಹಂಚುವ ಮಾತಿನಲ್ಲಿ ತನಗೊಂದು ಪಾಲಿಲ್ಲವೇ ಎಂದು ಟೀವಿ ಮುಂದೆ ಕೂತು ಅವನ ಬಾಯನ್ನೇ ನೋಡುತ್ತಿದ್ದಳು.

ಒಂದು ಸಂಜೆ ಅವನಿದ್ದ ನೇರಪ್ರಸಾರದಲ್ಲಿ, ವೀಕ್ಷಕರು ಕರೆ ಮಾಡಬಹುದು ಎಂದು ನಂಬರು ಬಂತು. ಆದದ್ದಾಗಲಿ ಎಂದು ಆಕೆ ಒತ್ತಿಯೇಬಿಟ್ಟಳು.

"ಅಮ್ಮಾ, ಮೊದಲು ನಿಮ್ಮ ಟೀವಿ ಸದ್ದು ಕಮ್ಮಿ ಮಾಡಿ," ಅಂದಳು ನಿರೂಪಕಿ.

ದನಿ ಬದಲಿಸಬೇಕು ಅಂದುಕೊಂಡಿದ್ದಳು ಆಕೆ. ಗಾಬರಿಯಲ್ಲಿ ಮರೆತೇಹೋಯಿತು. "ಸರ್, ಅಕ್ಕಪಕ್ಕದ ಎರಡು ದೇಶ. ಜಗಳವೂ ಇಲ್ಲ, ಮಾತೂ ಇಲ್ಲ. ಮೊದಲು ಯಾರು ಮಾತಾಡಿಸಬೇಕು?"

ಅವನ ಮುಖ ಅರಳಿತು. "ಬಹಳ ಒಳ್ಳೆಯ ಪ್ರಶ್ನೆ ಕೇಳಿದಿರಿ, ತಾಯಿ," ಎಂದು ಶುರುಮಾಡಿದವನು ಜಾಹೀರಾತು ಬರುವವರೆಗೂ ನಿಲ್ಲಿಸಲಿಲ್ಲ. ಆಕೆ ಫೋನನ್ನು ಕಿವಿಗೊತ್ತಿಕೊಂಡು ಕಣ್ಣೊರೆಸಿಕೊಂಡಳು. ಕಟ್ಟಿಕೊಂಡ ಗಂಡ ತಾಯಿ ಅಂದದ್ದಕ್ಕೂ ಬೇಜಾರಾಗಲಿಲ್ಲ.

ಮನೆಗೆ ಬಂದವನು ಚಪ್ಪಲಿ ಬಿಟ್ಟವನೇ ನೇರ ಅಡುಗೆಮನೆಗೆ ನುಗ್ಗಿದ.

"ಇವತ್ತು ಒಬ್ಬಾಕೆ ಫೋನ್ ಮಾಡಿದ್ದಳು ಕಣೇ. ಏನು ಪ್ರಶ್ನೆ, ಏನು ಬುದ್ಧಿ. ದನಿ ಎಷ್ಟು ಹಿತವಾಗಿತ್ತು ಅಂತೀಯ. ಎಲ್ಲೋ ಕೇಳಿದ ಹಾಗಿತ್ತು."

"ಎಲ್ಲಿ ಕೇಳಿದ್ರಿ, ಸ್ವಲ್ಪ ನೆನಪು ಮಾಡಿಕೊಳ್ಳಿ," ಅಂದಳು. ಸೌಟು ಹಿಡಿದೇ ಅವನತ್ತ ತಿರುಗಿದಳು.

"ರೇಡಿಯೋದಲ್ಲಿರಬೇಕು. ಅವಳ ಗಂಡ ಪುಣ್ಯ ಮಾಡಿದ್ದಾನೆ ಬಿಡು. ನಿನಗೆ ಇಂಥದ್ದೆಲ್ಲ ಎಲ್ಲಿ ಹೊಳೀಬೇಕು?"

ಸೌಟು ಕೈಯಲ್ಲೇ ಉಳಿಯಿತು. 'ಅದು ನಾನೇ ರೀ' ಅನ್ನುವುದು ನಾಲಿಗೆ ತುದಿಗೆ ಬಂದಿತ್ತು. ಆದರೆ ಅವನು ಸ್ಟೂಲು ಎಳೆದುಕೊಂಡು ಕೂತು ಆಗಲೇ ಮುಂದಿನ ಮಾತಿಗೆ ಹೋಗಿದ್ದ. ಎಷ್ಟೋ ವರ್ಷದ ಮೇಲೆ ಅಡುಗೆಮನೆಯಲ್ಲಿ ಅವನ ದನಿ ತುಂಬಿತ್ತು. ಬಾಯಿಬಿಟ್ಟರೆ ಅದೂ ನಿಂತುಹೋದೀತು. ತನಗೆ ತಾನೇ ಸವತಿಯಾದೆನಲ್ಲ ಎಂದು ಆಕೆಯ ಹೊಟ್ಟೆ ಉರಿಯುತ್ತಿತ್ತು. ಆದರೂ ಒಲೆ ಸಣ್ಣಗೆ ಮಾಡಿ ಅವನೆದುರು ಕೂತಳು.

"ಹೌದಾ ರೀ? ಆಮೇಲೆ ಅವಳು ಏನಂದ್ಲು?"