ತುರೋರಿ ಅಂಗಡಿಯ ನೊರೆತೀರ್ಥ

ಗಳಕ್, ಗಳಕ್! ಶ್ರಾವಣದ ಆ ಭಾನುವಾರವಿಡೀ ಮಹಾರಾಷ್ಟ್ರದ ಗಡಿಯೂರು ಉಮರ್ಗಾದ ಸಂಗಯ್ಯಸ್ವಾಮಿಗಳ ಮನೆಯಲ್ಲಿ ಬಾಟಲಿ ಅಲುಗಾಡಿಸುವ ಸದ್ದೊಂದೇ.

ಭಕ್ತರ ಮನೆಗಳಲ್ಲಿ ಪೂಜೆ ಮುಗಿಸಿ ಬಂದಾಗಲೆಲ್ಲ ಸ್ವಾಮಿಗಳ ಜೋಳಿಗೆಯಲ್ಲಿ ತೆಂಗಿನಕಾಯಿ. ಶ್ರಾವಣ ಬಂದರಂತೂ ಅಡುಗೆಮನೆಯಲ್ಲಿ ಕಾಯಿಯದೇ ಗುಡ್ಡ. ಹೆಂಡತಿ ಚಂದ್ರಭಾಗಾ ಸಾರಿಗೂ ಪಲ್ಯಕ್ಕೂ ಕಾಯಿ ಹಾಕಿ ಸೋತಿದ್ದಳು, ಚಹಾವೊಂದು ಉಳಿದಿತ್ತು. ಅಷ್ಟರಲ್ಲಿ ಉದಗೀರದಲ್ಲಿ ರಸಾಯನಶಾಸ್ತ್ರ ಓದುವ ಮಗಳು ಧನಶ್ರೀ, ಶಾಂಪೂವಿನ ನೊರೆಗೆ ಮೂಲ ತೆಂಗಿನೆಣ್ಣೆ ಎಂದುಬಿಟ್ಟಳು. ಸ್ವಾಮಿಗಳು ಅಂದೇ ಸಂಕಲ್ಪ ಮಾಡಿದರು: ಇನ್ನು ಈ ಮನೆಗೆ ಅಂಗಡಿಯ ಶಾಂಪೂ ಬರಕೂಡದು!

ಕಾಯಿ ತುರಿದರು, ಹಿಂಡಿದರು, ಕಡೆದರು. ನೊರೆಯ ಸುಳಿವಿಲ್ಲ. ಎಣ್ಣೆ ಕಾರ್ಖಾನೆ ಹೊಕ್ಕು ಬೇರೆ ಅವತಾರ ತಾಳಬೇಕೆಂದು ತಿಳಿಹೇಳಿದ ಮಗಳು, ಹಾಗೆ ತಯಾರಾದ ನೊರೆದ್ರವವನ್ನೇ ಉದಗೀರದಿಂದ ತಂದುಕೊಟ್ಟಳು. ಸ್ವಾಮಿಗಳು ಆ ಭಾನುವಾರ ಅದಕ್ಕೆ ನೀರು ಬೆರೆಸಿ, ಅಲುಗಾಡಿಸಿ, ಅಭಿಷೇಕಕ್ಕೆಂದು ತೆಂಗಿನ ನೀರು ತುಂಬಿದ್ದ ಬಾಟಲಿಯ ಪಕ್ಕದಲ್ಲೇ ಇಟ್ಟರು.

“ಎರಡೂ ಒಂದ ನಮೂನಿ ಕಾಣಸ್ತಾವ್ರಿ. ಚೀಟಿ ಹಚ್ಚರಿ,” ಎಂದಳು ಚಂದ್ರಭಾಗಾ.

“ಮೂವತ್ತ ವರ್ಷ ಕಾಯಿ ಒಡದ ಕೈ ಇದು. ನನಗ ಚೀಟಿ ಬೇಕೇನ?”

ಸೋಮವಾರ ತುರೋರಿಯ ಹೆದ್ದಾರಿ ಬದಿಯಲ್ಲಿ, ಪ್ರೇಮಾಬಾಯಿಯ ಅಂಗಡಿಯಲ್ಲಿ ರುದ್ರಾಭಿಷೇಕ. ಸ್ವಾಮಿಗಳ ಅಪ್ಪನ ಕಾಲದಿಂದ ನಡೆದುಬಂದ ಭಕ್ತರ ಮನೆತನ. ಇಲ್ಲಿ ಹೆಸರು ಕೆಟ್ಟರೆ ತಾಲೂಕಿನಲ್ಲೆಲ್ಲ ಕೆಟ್ಟಂತೆ. ಮಂತ್ರ ಏರಿತು. ಅವಸರದಲ್ಲಿ ಎತ್ತಿ ತಂದ ಬಾಟಲಿಯಿಂದ ಧಾರೆ ಇಳಿಯಿತು. ಸ್ವಾಮಿಗಳು ಅಂಗೈಯಿಂದ ಲಿಂಗ ತೊಳೆದರು. ನೊರೆ ಎದ್ದಿತು! ತೊಳೆದಷ್ಟೂ ಏರಿತು. ಲಿಂಗವನ್ನು ಮುಚ್ಚಿ, ಬಿಲ್ವಪತ್ರೆ ತೇಲಿಸಿ, ಹರಿವಾಣದ ತುಂಬ ಸಾಕ್ಷಾತ್ ಕೈಲಾಸವೇ ಬೆಳ್ಳಗೆ ಎದ್ದು ನಿಂತಿತು.

ಬಾಟಲಿ ಅದಲುಬದಲಾದದ್ದು ಸ್ವಾಮಿಗಳಿಗೆ ಆಗ ಹೊಳೆಯಿತು. ಪ್ರೇಮಾಬಾಯಿಯ ಮಗ ಕಾಶೆಪ್ಪನಿಂದ ಹಿಡಿದು ಲಾರಿ ನಿಲ್ಲಿಸಿ ಬಂದ ಡ್ರೈವರುಗಳವರೆಗೆ ಹನ್ನೊಂದು ಅಂಗೈಗಳು ತೀರ್ಥಕ್ಕೆ ಚಾಚಿದ್ದವು.

“ಥಾಂಬಾ!” ನಿಲ್ಲಿ ಎನ್ನಲು ಗಾಬರಿಗೆ ಮರಾಠಿಯೇ ಬಂತು. “ಇವತ್ತಿನ ತೀರ್ಥ ಬಾಯಾಗ ಹಾಕೂದಲ್ಲ. ನೆತ್ತಿಗಿ ಹಚ್ಚೂದು.”

ಎಲ್ಲರೂ ಭಕ್ತಿಯಿಂದ ನೆತ್ತಿಗೆ ಸವರಿಕೊಂಡರು. ಒಬ್ಬರೂ ಕುಡಿಯಲಿಲ್ಲ, ಸ್ವಾಮಿಗಳಿಗೆ ಹೋದ ಜೀವ ಬಂತು. ಲಿಂಗಕ್ಕೆ ಇಂಥ ಹೊಳಪು ಎಂದೂ ಬಂದಿರಲಿಲ್ಲವೆಂದು ಕಾಶೆಪ್ಪ ಅಡ್ಡಬಿದ್ದಾಗ, ತಮ್ಮ ಬುದ್ಧಿಯ ಮೇಲೆ ಅವರಿಗೆ ಚೂರು ಹೆಮ್ಮೆಯೂ ಮೂಡಿತು.

ಊಟ ಮುಗಿಸಿ ಹೊರಟಾಗ ಪ್ರೇಮಾಬಾಯಿ ನೆತ್ತಿ ಸವರಿಕೊಳ್ಳುತ್ತ ಬಾಗಿಲ ತನಕ ಬಂದಳು. ಅಲ್ಲಿ ಶಾಂಪೂ ಪಾಕೀಟುಗಳ ಸರ ತೋರಣದಂತೆ ತೂಗುತ್ತಿತ್ತು. ಇಪ್ಪತ್ತು ವರ್ಷದಿಂದ ಅದನ್ನು ಮಾರುತ್ತ ಬಂದವಳು ಅವಳು.

“ಅಯ್ನೋರ, ನಾ ಯಾರ ಮುಂದೂ ಹೇಳಂಗಿಲ್ರಿ,” ಎಂದಳು ಮೆಲ್ಲಗೆ. “ತೀರ್ಥ ಚಲೋನ ಇತ್ತು. ಖರೆ, ಕೂದಲ ಭಾಳ ಬಿರುಸಾಗ್ಯಾವ. ಮುಂದಿನ ಸೋಮವಾರ ಬರೂಮುಂದ ಕಂಡೀಷನರ್ ಭೀ...”

ಮಾತು ಮುಗಿಯುವ ಮುನ್ನವೇ ಸ್ವಾಮಿಗಳು ನಡೆದುಬಿಟ್ಟಿದ್ದರು. ಹೆಗಲ ಜೋಳಿಗೆಯಲ್ಲಿ ಐದು ಹೊಸ ತೆಂಗಿನಕಾಯಿಗಳು ಒಂದಕ್ಕೊಂದು ಬಡಿದು ನಗುತ್ತಿದ್ದವು.