ಮಾವ ಧಾರಾವಾಹಿ ತೆಗೆದದ್ದು

ಇದರಲ್ಲಿ ಎಷ್ಟು ನಾನು ಕಣ್ಣಾರೆ ಕಂಡದ್ದು, ಎಷ್ಟು ಮನೆಯವರು ಹೇಳಿ ಹೇಳಿ ಕಂಡಂತೆ ಆದದ್ದು, ಈಗ ಬೇರ್ಪಡಿಸಲಾರೆ. ವಿಶ್ವವಿದ್ಯಾಲಯ ನನಗೆ ಕಲಿಸಿದ್ದು ಎಲ್ಲವನ್ನೂ ಅನುಮಾನಿಸುವುದನ್ನು. ನನ್ನ ನೆನಪನ್ನು ಮಾತ್ರ ಬಿಡಲೇಕೆ? ಆದರೂ ಒಂದು ಮಾತನ್ನು ಧೈರ್ಯವಾಗಿ ಹೇಳುತ್ತೇನೆ: ಜಮಖಂಡಿಯಿಂದ ಬೀಳಗಿಯವರೆಗೆ ಯಾರಿಗೂ ‘ಇಲ್ಲ’ ಎನ್ನದೆ ಬದುಕಿದವನು ನನ್ನ ಸೋದರಮಾವ ಒಬ್ಬನೇ.

ಜಿಲ್ಲಾ ಪಂಚಾಯಿತಿ ಸದಸ್ಯನಾಗಿದ್ದ. ಮೇಲಿಂದ ಮೇಲೆ ಸೋತು, ಕೊನೆಗೆ ಟಿವಿ ಧಾರಾವಾಹಿಯ ನಿರ್ಮಾಪಕನಾದ.

“ಅಲ್ಲೂ ಮಂದೀನ ಕೂಡಸೂದು, ಇಲ್ಲೂ ಮಂದೀನ ಕೂಡಸೂದು. ಇಲ್ಲಿ ಕೆಟ್ಟರ ಇನ್ನೊಮ್ಮೆ ತಗೀತಾರ, ಅಷ್ಟ ಫರಕ,” ಎನ್ನುತ್ತಿದ್ದ.

ಮೊದಲ ಸಂಕಟ ಅತ್ತೆಯ ಪಾತ್ರದ್ದು. ಅದನ್ನು ರಬಕವಿಯ ಒಬ್ಬ ನಟಿಗೂ ಬನಹಟ್ಟಿಯ ಇನ್ನೊಬ್ಬಳಿಗೂ ಕೊಡುವುದಾಗಿ ಒಪ್ಪಿಕೊಂಡುಬಿಟ್ಟಿದ್ದ. ಅಧ್ಯಕ್ಷಗಿರಿಗೆ ಮಾಡುವ ಒಪ್ಪಂದವನ್ನೇ ಇಲ್ಲೂ ಮಾಡಿಸಿದ: ಮೊದಲರ್ಧ ಅವಧಿಗೆ ರಬಕವಿ, ಉಳಿದರ್ಧಕ್ಕೆ ಬನಹಟ್ಟಿ.

“ಸಾಹೇಬ್ರ, ನಡುವ ಅತ್ತಿ ಮುಖಾನ ಬದಲಾದ್ರ ಹೆಂಗ್ರಿ?” ಎಂದ ನಿರ್ದೇಶಕ.

“ಸೊಸಿಗೆ ಏನ್ ಫರಕ ಬೀಳ್ತೈತೋ? ಯಾರ್ ಬಂದ್ರೂ ಬೈಗುಳ ತಪ್ಪಂಗಿಲ್ಲ.”

ಅವಧಿ ಮುಗಿದರೂ ರಬಕವಿಯ ಅತ್ತೆ ರಾಜೀನಾಮೆ ಕೊಡಲಿಲ್ಲವೆಂದು ನೆನಪು. ಅದು ನನ್ನ ಕಲ್ಪನೆಯೂ ಇರಬಹುದು.

ಇದಕ್ಕೆಲ್ಲ ನಗದವಳು ನನ್ನ ಅವ್ವ ಒಬ್ಬಳೇ. ಅವಳು ತಮ್ಮನೊಂದಿಗೆ ಮಾತು ಬಿಟ್ಟು ಎಷ್ಟೋ ವರ್ಷಗಳಾಗಿದ್ದವು. ಬೀಳಗಿ ಕಡೆಯ ಅವಳ ತವರೂರು ಕೃಷ್ಣೆಯ ಹಿನ್ನೀರಿಗೆ ಹೋಗುವುದೆಂದಾದಾಗ ಜನ ಊರು ಬಿಟ್ಟು ಏಳಲು ಒಪ್ಪಲಿಲ್ಲ. ಸರ್ಕಾರಕ್ಕೂ ‘ಇಲ್ಲ’ ಎನ್ನಲಾರದ ಮಾವ, ಊರಿಗೆ ಮೇಲ್ಪಂಕ್ತಿಯಾಗಲೆಂದು ಮೊದಲು ತನ್ನ ಮನೆಯ ಬಾಗಿಲನ್ನೇ ಕೀಳಿಸಿದ. ಅಕ್ಕನನ್ನು ಒಂದು ಮಾತು ಕೇಳಲಿಲ್ಲ.

ಈಗ ಧಾರಾವಾಹಿಗೆಂದು ಅದೇ ಮನೆಯನ್ನು ಬಾಡಗಂಡಿಯ ಕಬ್ಬಿನ ಹೊಲದ ಪಕ್ಕ ಪ್ಲೈವುಡ್ಡಿನಲ್ಲಿ ಕಟ್ಟಿಸಿ, ಅವ್ವನನ್ನು ಕರೆತರಲು ನನ್ನನ್ನು ಕಳಿಸಿದ. ಅವಳು ಬಂದಳು. ಬಣ್ಣದ ಗೋಡೆಯನ್ನು ಬೆರಳಿನಿಂದ ಬಡಿದು ನೋಡಿದಳು. ಮಾವ ವೋಟು ಕೇಳುವವನಂತೆ ಕೈಮುಗಿದು ನಿಂತಿದ್ದ.

“ಹೊಸ್ತಿಲ ಎಲ್ಲೈತಿ?” ಅವ್ವ ಕೇಳಿದ್ದು ಅವನನ್ನೋ ಬಾಗಿಲನ್ನೋ ತಿಳಿಯಲಿಲ್ಲ.

“ಕ್ಯಾಮೆರಾದ ಗಾಲಿ ಒಳಗ ಹೋಗಬೇಕಲ್ಲಬೇ ಅಕ್ಕಾ. ಅದಕ್ಕ ಇಡಿಸಿಲ್ಲ.”

“ಹೊಸ್ತಿಲ ಇಲ್ಲದ ಮನ್ಯಾಗ ಸೊಸಿ ಸೇರ ಎಲ್ಲಿ ಒದೀತಾಳಲೇ, ತಮ್ಮಾ?”

ತಮ್ಮಾ ಎಂದಳೇ? ನನಗಂತೂ ಹಾಗೆ ಕೇಳಿಸಿತು. ಮಾವ ಶೂಟಿಂಗ್ ನಿಲ್ಲಿಸಿ ಬಡಿಗನನ್ನು ಕರೆಸಿದ.

“ಗಾಲಿ ಹೊಸ್ತಿಲ ಏರಿದ್ರ ಚಿತ್ರ ಕುಲುಕತೈತ್ರಿ ಸಾಹೇಬ್ರ,” ನಿರ್ದೇಶಕ ಗೋಗರೆದ.

“ಕುಲುಕಲಿ ಬಿಡು.”

ಇದೆಲ್ಲ ನಡೆಯಿತೆಂದು ಮಾವ ಕಂಡಕಂಡವರಿಗೆ ಹೇಳುತ್ತಾನೆ. ಆದರೆ ಅವನು ಏನನ್ನು ತಾನೇ ಹೇಳಿಲ್ಲ? ಅವ್ವನನ್ನು ಕೇಳಿದರೆ, “ಬ್ಯಾರೆ ಕೆಲಸ ಇಲ್ಲೇನ ನಿನಗ?” ಎನ್ನುತ್ತಾಳೆ. ಹಾಗಾಗಿ ಮೊನ್ನೆ ಆ ಕಂತನ್ನೇ ಹುಡುಕಿ ತೆಗೆದು ನೋಡಿದೆ. ಸೊಸೆ ಸೇರು ಒದ್ದು ಒಳಗೆ ಹೋಗುತ್ತಾಳೆ. ಅವಳ ಹಿಂದೆಯೇ ಹೊರಟ ಚಿತ್ರ, ಬಾಗಿಲಲ್ಲಿ ಒಮ್ಮೆ ಕುಲುಕುತ್ತದೆ.