ಮಂಜಿನ ಮೇಷ್ಟ್ರ ದನಿ

ನಮ್ಮ ಹವಾಮಾನ ಕಚೇರಿಯಲ್ಲಿ ಇಂಥವು ಆಗುತ್ತಲೇ ಇರುತ್ತವೆ. ಆಗುವಾಗ ಮೈ ಜುಮ್ಮೆನ್ನುತ್ತದೆ. ನಗು ಬರುವುದು ಊಟದ ಹೊತ್ತಿಗೆ.

ಬೆಟ್ಟವಿಲ್ಲದ ದೇಶ

ಕಚೇರಿ ಇರುವುದು ಡಚ್ಚರ ನಾಡಿನ ರೈಸ್‌ವೈಕ್‌ನಲ್ಲಿ. ನದಿ ದಾಟಿಸುವ ಫೆರಿಗಳಿಗೆ ಮಂಜಿನ ಮುನ್ಸೂಚನೆ ಕೊಡುವುದು ನಮ್ಮ ಕೆಲಸ. ನನಗೆ ಕೆಲಸ ಕಲಿಸಿದ ಹಿರಿಯರು ವೇಲ್ಸ್‌ನವರು. ಅಲ್ಲಿ ಕಾಲೇಜಿನಲ್ಲಿ ಗಣಿತ ಹೇಳಿಕೊಡುತ್ತಿದ್ದರು. ಕಣಿವೆಯ ಮಂಜನ್ನು ಸಮೀಕರಣದಲ್ಲಿ ಹಿಡಿಯಲು ಹೋಗಿ ಹವಾಮಾನಶಾಸ್ತ್ರಕ್ಕೆ ಬಂದುಬಿಟ್ಟರು. ನನ್ನ ಪಾಲಿಗೆ ಅವರು ಮೇಷ್ಟ್ರು.

“ವೇಲ್ಸ್ ಬಿಟ್ಟು ಇಲ್ಲಿಗ್ಯಾಕೆ ಬಂದ್ರಿ ಸರ್?” ಎಂದು ಮೊದಲ ವಾರವೇ ಕೇಳಿದೆ.

“ಅಲ್ಲಿ ಬೆಟ್ಟ ಜಾಸ್ತಿ. ಸಮೀಕರಣ ಕೂರೋದಿಲ್ಲ. ನಿಮ್ಮೂರಲ್ಲಿ?”

“ಮೈಸೂರಲ್ಲಿ ಒಂದೇ ಬೆಟ್ಟ ಸರ್.”

“ಕೆಡಿಸೋಕೆ ಒಂದು ಸಾಕು. ನೀನೂ ಇಲ್ಲೇ ಇದ್ದುಬಿಡು.”

ಕಿಟಕಿಯ ಚೀಟಿ

ಕಂಪ್ಯೂಟರ್ ಏನೇ ಹೇಳಲಿ, ಮೇಷ್ಟ್ರು ಕಿಟಕಿ ತೆಗೆದು ಕೈ ಹೊರಗೆ ಚಾಚದೆ ಮುನ್ಸೂಚನೆ ಕಳಿಸುತ್ತಿರಲಿಲ್ಲ. ಹೀಟರ್ ಹಾಕಿರುವಾಗ ಕಿಟಕಿ ತೆಗೆಯುವುದು ನಮ್ಮ ಡಚ್ ಮ್ಯಾನೇಜರ್‌ಗೆ ಪ್ರಾಣಸಂಕಟ.

ಮೇಷ್ಟ್ರು ಹೃದಯಾಘಾತದಿಂದ ತೀರಿಕೊಂಡರು. ಅವರ ಸಂಸ್ಕಾರ ಮುಗಿದ ವಾರವೇ ಮ್ಯಾನೇಜರ್ ಕಿಟಕಿಗೆ ‘ತೆರೆಯಬಾರದು’ ಎಂದು ಚೀಟಿ ಅಂಟಿಸಿದರು. ಮಾರನೆಯ ಬೆಳಿಗ್ಗೆ ಚೀಟಿ ನೆಲದ ಮೇಲಿತ್ತು. ಮತ್ತೆ ಅಂಟಿಸಿದರು. ಮತ್ತೆ ನೆಲದ ಮೇಲೆ, ಬೋರಲಾಗಿ.

“ಗಾಜಿನ ತೇವ, ಅಷ್ಟೇ” ಎಂದರು ಮ್ಯಾನೇಜರ್. ಆದರೆ ಮುಂದಿನ ಸಲ ಅಂಟಿಸಲು ನನ್ನನ್ನು ಕಳಿಸಿದರು.

ಯಾರ ಕಾಂಟ್ರಾಕ್ಟ್ ಗಟ್ಟಿ

ಫೆರಿಯವರು ಒಂದು ನಂಬರಿಗೆ ಫೋನ್ ಮಾಡಿ ಮುನ್ಸೂಚನೆ ಕೇಳುತ್ತಾರೆ. ಅದರಲ್ಲಿ ಮಾತಾಡುವ ದನಿ ಮೇಷ್ಟ್ರದ್ದು. ‘ದಟ್ಟ’, ‘ತೆಳು’, ‘ಮಂಜು’, ‘ದಡದ ಬಳಿ’ ಹೀಗೆ ಬಿಡಿಬಿಡಿಯಾಗಿ ರೆಕಾರ್ಡ್ ಮಾಡಿಟ್ಟಿದ್ದರು, ಕಂಪ್ಯೂಟರ್ ಪೋಣಿಸುತ್ತದೆ.

ಒಂದು ಬೆಳಿಗ್ಗೆ ಸ್ಪೀಕರ್ ಹಾಕಿ ಪರೀಕ್ಷೆ ಮಾಡುತ್ತಿದ್ದೆ. ಖಾಲಿ ಕಚೇರಿಯಲ್ಲಿ ಆ ದನಿ, “ಶುಭೋದಯ. ದಟ್ಟ ಮಂಜು” ಎಂದಿತು. ಬಾಗಿಲಲ್ಲಿ ಊಟದ ಡಬ್ಬಿ ಬಿದ್ದ ಸದ್ದು. ನೋಡಿದರೆ ಸಹೋದ್ಯೋಗಿ ಉಡುಪಿಯ ಅಕ್ಕ.

“ಎಂಥ ಮಾರಾಯಾ ಇದು! ಹೋದವರು ಡ್ಯೂಟಿಗೆ ಬಂದಿದ್ದಾರಲ್ಲ!”

ದನಿ ತೆಗೆಯೋಣವೇ ಎಂದು ಮ್ಯಾನೇಜರನ್ನು ಕೇಳಿದೆವು.

“ದನಿಗೆ ಮುಂದಿನ ವರ್ಷದವರೆಗೆ ಒಪ್ಪಂದ ಇದೆ” ಎಂದರು. ನನ್ನ ಕಡೆ ತಿರುಗಿ, “ನಿನ್ನದು ಈ ಚಳಿಗಾಲಕ್ಕೆ ಮುಗಿಯುತ್ತೆ. ಮಂಜು ಲೆಕ್ಕ ಹಾಕೋಕೆ ನೀನು ಬರೀತಿರೋ ಹೊಸ ಪ್ರೋಗ್ರಾಂ ಸರಿಯಾಗಿ ನಡೆದರೆ ಮುಂದುವರಿಸೋಣ.”

ಕಾಂಟ್ರಾಕ್ಟ್ ಇಲ್ಲದಿದ್ದರೆ ನನಗೆ ಈ ದೇಶದಲ್ಲಿರಲು ಪರ್ಮಿಟ್ ಇಲ್ಲ. ಸತ್ತವರು ಇರಬಹುದಿತ್ತು, ನಾನು ಮೈಸೂರಿಗೆ ಹೊರಡಬೇಕಿತ್ತು.

ಉಸಿರು

ದಿನಾ ಬೆಳಿಗ್ಗೆ ಮುನ್ಸೂಚನೆಯ ನಂಬರಿಗೆ ಫೆರಿಯವರಿಗಿಂತ ಮುಂಚೆ ಒಂದು ಕರೆ ಬರುತ್ತಿತ್ತು, ಆಮರ್ಸ್‌ಫೋರ್ಟ್‌ನಿಂದ. ಅಲ್ಲಿ ನದಿ ದಾಟಿಸುವ ನಮ್ಮ ಫೆರಿ ಒಂದೂ ಇಲ್ಲ. ಒಮ್ಮೆ ಲೈನ್ ಪರೀಕ್ಷಿಸುವಾಗ ಕೇಳಿಸಿಕೊಂಡೆ: ಮಾತಿಲ್ಲ, ಬರೀ ಉಸಿರು. ಮುನ್ಸೂಚನೆ ಮುಗಿದ ಮೇಲೂ ಸ್ವಲ್ಪ ಹೊತ್ತು ಉಸಿರು.

“ಅಕ್ಕಾ, ಯಾರಿರಬಹುದು?”

“ಮತ್ಯಾರು? ಮೇಷ್ಟ್ರೇ. ನೀನು ಸರಿ ಹೇಳ್ತೀಯಾ ಇಲ್ವಾ ಅಂತ ಚೆಕ್ ಮಾಡ್ತಿದ್ದಾರೆ.”

“ಅವರ ಮನೆ ಆಮರ್ಸ್‌ಫೋರ್ಟ್‌ನಲ್ಲೇ ಅಲ್ವಾ ಇದ್ದದ್ದು?”

ತಮಾಷೆ ಮಾಡಲು ಹೊರಟ ಅಕ್ಕ ಅವತ್ತು ಒಬ್ಬರೇ ಕಾಫಿ ಮೆಷಿನ್ ಹತ್ತಿರ ಹೋಗಲಿಲ್ಲ.

ಕೇಳಬೇಡ, ನೋಡು

ನನ್ನ ಪ್ರೋಗ್ರಾಂ ಮೊದಲ ಸಲ ಓಡುವ ಬೆಳಿಗ್ಗೆ ಮೂವರೂ ಸ್ಪೀಕರ್ ಮುಂದೆ ನಿಂತಿದ್ದೆವು. ಗಾಜಿನ ಮೇಲೆ ಹಬೆ ಕಟ್ಟಿತ್ತು, ಹೊರಗೆ ಏನೂ ಕಾಣುತ್ತಿರಲಿಲ್ಲ.

“ಶುಭೋದಯ” ಎಂದರು ಮೇಷ್ಟ್ರು. ಆಮೇಲೆ ನಾವು ಯಾರೂ ಎಂದೂ ಕೇಳದ ವಾಕ್ಯ: “ನನ್ನನ್ನು ಕೇಳಬೇಡ. ಕಿಟಕಿ ತೆಗೆದು ನೋಡು.”

ಅಕ್ಕ ನನ್ನ ತೋಳು ಹಿಡಿದರು. ಕಿಟಕಿ ತೆಗೆದದ್ದು ಮ್ಯಾನೇಜರ್, ತಾವೇ ಬರೆದಿದ್ದ ಚೀಟಿ ಹರಿದು. ಹೊರಗೆ ಸೈಕಲ್ ಸ್ಟ್ಯಾಂಡೂ ಇರಲಿಲ್ಲ, ರಸ್ತೆಯೂ ಇರಲಿಲ್ಲ. ಬರೀ ಬಿಳಿ.

ಆ ವಾಕ್ಯ ಎಲ್ಲಿಂದ ಬಂತೆಂದು ಕಂಪ್ಯೂಟರಿನಲ್ಲಿ ಹುಡುಕಿದೆ. ಎಷ್ಟು ದೂರ ಕಾಣುತ್ತದೆ ಎಂಬುದಕ್ಕೆ ನನ್ನ ಪ್ರೋಗ್ರಾಂ ಸೊನ್ನೆಗಿಂತ ಕಡಿಮೆ ಉತ್ತರ ಕೊಟ್ಟಿತ್ತು. ಅಸಾಧ್ಯವಾದ ಉತ್ತರ ಬಂದರೆ ಹೇಳಲೆಂದು ಮೇಷ್ಟ್ರು ಯಾರಿಗೂ ತಿಳಿಸದೆ ಈ ವಾಕ್ಯ ಸೇರಿಸಿಟ್ಟಿದ್ದರು. ತಪ್ಪು ತಿದ್ದುವಷ್ಟರಲ್ಲಿ ಫೆರಿಯವನ ಫೋನ್ ಬಂತು. ನನ್ನ ಪರ್ಮಿಟ್ ಹೋಯಿತು ಅಂದುಕೊಂಡೆ.

“ಇಂಥ ನೇರ ಮುನ್ಸೂಚನೆ ಈವರೆಗೆ ಕೇಳಿರಲಿಲ್ಲ. ಕಿಟಕಿ ತೆಗೆದೆ, ಫೆರಿ ಬಿಡಲಿಲ್ಲ. ಥ್ಯಾಂಕ್ಸ್” ಎಂದ.

ಮ್ಯಾನೇಜರ್ ನನ್ನತ್ತ ನೋಡಿದರು. “ಮುಂದುವರಿಸೋಣ. ಆದರೆ ದಿನಾ ಕಿಟಕಿ ತೆಗೆಯೋದು ನಿನ್ನ ಕೆಲಸ.”

ಅಷ್ಟರಲ್ಲಿ ಫೋನ್ ಮತ್ತೆ ರಿಂಗಾಯಿತು. ಆಮರ್ಸ್‌ಫೋರ್ಟ್. ಈ ಸಲ ಕಚೇರಿಯ ನಂಬರಿಗೇ. ಯಾರೂ ಎತ್ತಲಿಲ್ಲ. ಕೊನೆಗೆ ನಾನೇ ಸ್ಪೀಕರ್ ಒತ್ತಿದೆ. ಮೊದಲು ಉಸಿರು. ಆಮೇಲೆ ವಯಸ್ಸಾದ ಹೆಂಗಸಿನ ದನಿ: “ಇವತ್ತು ಅವರು ಹೊಸ ಮಾತು ಹೇಳಿದರಲ್ಲ. ದನಿ ಬದಲಾಯಿಸುತ್ತಿದ್ದೀರಾ?”

ಮೇಷ್ಟ್ರ ಹೆಂಡತಿ. ಮ್ಯಾನೇಜರ್ ಮೆತ್ತಗೆ, “ನಿಮಗೆ ಸಂಕಟ ಆಗುವುದಾದರೆ ಇವತ್ತೇ ತೆಗೆದುಬಿಡುತ್ತೇವೆ ಅಮ್ಮಾ” ಎಂದರು.

“ಅಯ್ಯೋ, ಬೇಡ!” ಎಂದರು ಆಕೆ. “ಬದುಕಿದ್ದಾಗ ಒಂದು ದಿನವೂ ನನ್ನ ಫೋನ್ ಎತ್ತಿದವರಲ್ಲ. ಈಗ ಮೊದಲ ರಿಂಗಿಗೇ ಎತ್ತುತ್ತಾರೆ.”